2ಎನ್3055 ಪವರ್ ಟ್ರಾನ್ಸಿಸ್ಟರ್: ಸಿಮ್ಯುಲೇಶನ್‌ನಲ್ಲಿ ಬೇಸ್ ಕರೆಂಟ್ 40 ಮಿಲಿಆಂಪ್, ಬೋರ್ಡ್ ಮೇಲೆ 130. ಯಾಕೆ?

ಸೋಮವಾರಪೇಟೆ ತೋಟದವ:
ಇಲ್ಲಿ ಮಳೆಗಾಲದಲ್ಲಿ ಮರ ಬಿದ್ದು ಲೈನ್ ಹೋದರೆ ಕರೆಂಟ್ ಮತ್ತೆ ಯಾವಾಗ ಬರುತ್ತದೋ ಗೊತ್ತಿಲ್ಲ. ಬಂದಾಗ ಬೇಗ ಬ್ಯಾಟರಿ ತುಂಬಲಿ ಅಂತ ಚಾರ್ಜರ್ ಮಾಡುತ್ತಿದ್ದೇನೆ. ಒಳಗೆ 18 ವೋಲ್ಟ್, ಹೊರಗೆ 13.8, 4 ಆಂಪ್. ಮುಖ್ಯ ಟ್ರಾನ್ಸಿಸ್ಟರ್ 2ಎನ್3055, ಅದರ ಬೇಸ್‌ಗೆ ಕರೆಂಟ್ ಕೊಡುವ ಡ್ರೈವರ್ ಬಿಡಿ139 ಅನ್ನೋ ಚಿಕ್ಕ ಟ್ರಾನ್ಸಿಸ್ಟರ್. ಎಲ್‌ಟಿಸ್ಪೈಸ್ ಅನ್ನೋ ಸಿಮ್ಯುಲೇಟರ್ ಪ್ರಕಾರ ಬೇಸ್‌ಗೆ 40 ಮಿಲಿಆಂಪ್ ಸಾಕು. ಅಳೆದರೆ 130, ಬಿಡಿ139 ಮುಟ್ಟೋಕಾಗದಷ್ಟು ಬಿಸಿ. ಅದಕ್ಕೆ ಕೊಟ್ಟ ಟ್ರಾನ್ಸಿಸ್ಟರ್ ಮಾಡೆಲ್ (ಗುಣಗಳನ್ನು ಹೇಳುವ ಸಂಖ್ಯೆಗಳ ಸಾಲು) ನೆಟ್‌ನಲ್ಲಿ ಸಿಕ್ಕಿದ್ದು. ಯಾವುದನ್ನು ನಂಬಲಿ?

ಕುಶಾಲನಗರ:
ಡೂಪ್ಲಿಕೇಟ್ ಪೀಸ್ ಇರಬೇಕು ಗುರು. ಬೇರೆ ಹಾಕಿ ನೋಡಿ.

ವಿರಾಜಪೇಟೆ ರೇಡಿಯೋ:
ಸುಮ್ನೆ ಪೀಸ್ ಮೇಲೆ ಯಾಕೆ ತಪ್ಪು ಹೊರಿಸುತ್ತೀರಿ? 130 ಮಿಲಿಆಂಪ್‌ಗೆ 4 ಆಂಪ್ ಅಂದರೆ ಗೇನ್ (ಕಲೆಕ್ಟರ್ ಕರೆಂಟ್ ಬೇಸ್ ಕರೆಂಟ್‌ನ ಎಷ್ಟು ಪಟ್ಟು ಅನ್ನೋದು) ಸುಮಾರು 31. ಕಂಪನಿಯ ಡೇಟಾಶೀಟ್‌ನಲ್ಲಿ 4 ಆಂಪ್‌ಗೆ 20ರಿಂದ 70 ಅಂತಲೇ ಇದೆ, 10 ಆಂಪ್‌ಗೆ ಹೋದರೆ ಕನಿಷ್ಠ 5 ಅಷ್ಟೇ. 100 ಕೊಡುತ್ತಿರುವ ಮಾಡೆಲ್ಲೇ ಸರಿ ಇಲ್ಲ. ಅದರ ಸಾಲು ತೆಗೆದು ಐಕೆಎಫ್, ಅಂದರೆ ಯಾವ ಕರೆಂಟ್ ಹತ್ತಿರ ಗೇನ್ ಇಳಿಯುತ್ತದೆ ಅನ್ನೋ ಸಂಖ್ಯೆ, ಇದೆಯಾ ನೋಡಿ ಅಣ್ಣ. ಇಲ್ಲದಿದ್ದರೆ ಸಿಮ್ಯುಲೇಟರ್ ಅದಕ್ಕೆ ಮಿತಿಯೇ ಇಲ್ಲ ಅಂದುಕೊಳ್ಳುತ್ತದೆ, ಆಗ ಕರೆಂಟ್ ಎಷ್ಟು ಏರಿದರೂ ಗೇನ್ ಇಳಿಯೋದೇ ಇಲ್ಲ, ನಿಜವಾದ ಪವರ್ ಟ್ರಾನ್ಸಿಸ್ಟರ್‌ನಲ್ಲಿ ಮಾತ್ರ ಚೆನ್ನಾಗಿ ಇಳಿಯುತ್ತದೆ. ಕಲೆಕ್ಟರ್ ಕರೆಂಟ್ ಐಕೆಎಫ್‌ನಷ್ಟಾದಾಗ ಗೇನ್ ಹೆಚ್ಚುಕಡಿಮೆ ಬಿಎಫ್‌ನ (ಮಾಡೆಲ್‌ನಲ್ಲಿ ಕೊಟ್ಟ ಗರಿಷ್ಠ ಗೇನ್) ಅರ್ಧ, ಅದನ್ನು ಹಿಡಿದು ಲೆಕ್ಕ ಹಾಕಿ. ಮೊದಲು ಟ್ರಾನ್ಸಿಸ್ಟರ್ ಒಂದನ್ನೇ ಇಟ್ಟು, ಕಲೆಕ್ಟರ್‌ಗೆ 4 ವೋಲ್ಟ್ ಕೊಟ್ಟು, ಬೇಸ್ ಕರೆಂಟ್ ಏರಿಸುತ್ತಾ ಗೇನ್ ಗ್ರಾಫ್ ತೆಗೆಯಿರಿ. ಡೇಟಾಶೀಟ್ ಗ್ರಾಫ್‌ಗೆ ಕೂಡುವ ತನಕ ಬಿಎಫ್, ಐಕೆಎಫ್ ತಿದ್ದಿ. ಆಮೇಲೆ ಡ್ರೈವರನ್ನು 2ಎನ್3055ರ ಗೇನ್ 20 ಅಂತ ಹಿಡಿದೇ ಡಿಸೈನ್ ಮಾಡಿ, ಅಂದರೆ 200 ಮಿಲಿಆಂಪ್. ಬಿಡಿ139ಗೂ ಒಂದು ಚಿಕ್ಕ ಹೀಟ್‌ಸಿಂಕ್ ಬೇಕು.

ಸೋಮವಾರಪೇಟೆ ತೋಟದವ:
ನೋಡಿದೆ, ಐಕೆಎಫ್ ಇಲ್ಲವೇ ಇಲ್ಲ! ಬಿಸಿಯ ಲೆಕ್ಕ ಸಿಮ್ಯುಲೇಟರೇ ಮಾಡುತ್ತದಾ?

ನಾಪೋಕ್ಲು:
ಇಲ್ಲ. ನೀವು ಹೇಳದಿದ್ದರೆ ಜಂಕ್ಷನ್ (ಟ್ರಾನ್ಸಿಸ್ಟರ್ ಒಳಗಿನ ಚಿಪ್) 27 ಡಿಗ್ರಿಯಲ್ಲೇ ಇದೆ ಅಂತ ಓಡಿಸುತ್ತದೆ. ನಿಮ್ಮದರಲ್ಲಿ 4.2 ವೋಲ್ಟ್ ಇಳಿತಕ್ಕೆ 4 ಆಂಪ್, ಸುಮಾರು 17 ವ್ಯಾಟ್. ಪ್ರತಿ ವ್ಯಾಟ್‌ಗೆ 1.52 ಡಿಗ್ರಿಯಂತೆ ಜಂಕ್ಷನ್ ಕೇಸ್‌ಗಿಂತ (ಹೊರಗಿನ ಲೋಹದ ಕವಚ) ಸುಮಾರು 26 ಡಿಗ್ರಿ ಜಾಸ್ತಿ. ಮೈಕಾ ವಾಷರ್, ಹೀಟ್‌ಸಿಂಕ್ ಲೆಕ್ಕ ಬೇರೆ. ನಮ್ಮ ಊರಿನ ಚಳಿ ಡಬ್ಬಿಯೊಳಗೆ ಬರಲ್ಲ ಅಲ್ವಾ! ಟೆಂಪ್ 100 ಕೊಟ್ಟು ಇನ್ನೊಮ್ಮೆ ಓಡಿಸಿ. ಬೇಸ್-ಎಮಿಟರ್ ವೋಲ್ಟೇಜ್ ಡಿಗ್ರಿಗೆ 2 ಮಿಲಿವೋಲ್ಟ್‌ನಂತೆ ಇಳಿಯೋದು ಕಾಣುತ್ತದೆ. ಬಿಸಿಗೆ ಗೇನ್ ಎಷ್ಟು ಬದಲಾಗುತ್ತದೆ ಅನ್ನೋ ಎಕ್ಸ್‌ಟಿಬಿ ಸಂಖ್ಯೆ ಮಾಡೆಲ್‌ನಲ್ಲಿ ಇಲ್ಲದಿದ್ದರೆ ಗೇನ್ ಮಾತ್ರ ಬಿಸಿಗೆ ಅಲ್ಲಾಡಲ್ಲ, ಅದನ್ನೂ ಸೇರಿಸಿ. ಇನ್ನೊಂದು, ಔಟ್‌ಪುಟ್ ಶಾರ್ಟ್ ಆದರೆ ಸಿಮ್ಯುಲೇಟರ್‌ನಲ್ಲಿ ಟ್ರಾನ್ಸಿಸ್ಟರ್ ಸುಡಲ್ಲ, ಕರೆಂಟ್ ಎಷ್ಟೆಂದು ಸಲೀಸಾಗಿ ತೋರಿಸುತ್ತದೆ ಅಷ್ಟೇ, ಹಾಗಾಗಿ ಡೇಟಾಶೀಟ್‌ನ ಸೇಫ್ ಏರಿಯಾ ಗ್ರಾಫ್ (ಎಷ್ಟು ವೋಲ್ಟ್‌ಗೆ ಎಷ್ಟು ಕರೆಂಟ್ ತಡೆಯುತ್ತದೆ ಅನ್ನೋದು) ಪಕ್ಕದಲ್ಲಿಟ್ಟು ಕರೆಂಟ್ ಲಿಮಿಟ್ ಹಾಕಿ.