ಆಲಿಸಳ ಕಥೆ ವಯಸ್ಕರ ಸಂಗೀತಚಿತ್ರವಾದದ್ದು: ಇದನ್ನು ಅಣಕ ಎನ್ನಬಹುದೇ?

ಪ್ರಶ್ನೆ

ನಾ. ಕಸ್ತೂರಿಯವರ ‘ಪಾತಾಳದಲ್ಲಿ ಪಾಪಚ್ಚಿ’ಯ ಮೂಲಕ ಆಲಿಸಳ ಕಥೆಯನ್ನು (‘ಆಲಿಸ್ ಇನ್ ವಂಡರ್‌ಲ್ಯಾಂಡ್’) ಮೊದಲು ಓದಿದವನು ನಾನು. ಅದೇ ಕಥೆಯನ್ನು 1976ರಲ್ಲಿ ಅಮೆರಿಕದಲ್ಲಿ ಬಡ್ ಟೌನ್ಸೆಂಡ್ ಎಂಬ ನಿರ್ದೇಶಕರು ವಯಸ್ಕರಿಗಾಗಿ, ಅದೂ ಹಾಡು ಕುಣಿತಗಳ ಸಮೇತ, ಚಿತ್ರವಾಗಿಸಿದ್ದರೆಂದು ಈಚೆಗೆ ತಿಳಿದು ಬೆರಗಾದೆ. ಅದರ ಬೆನ್ನಿಗೇ 1977ರಲ್ಲಿ ‘ಸಿಂಡರೆಲಾ’, 1978ರಲ್ಲಿ ‘ಫೇರಿ ಟೇಲ್ಸ್’ ಎಂಬ ಇದೇ ಜಾಡಿನ ಚಿತ್ರಗಳು ಬಂದಿವೆ. ಆ ಕಾಲದಲ್ಲೇ ಏಕೆ, ಮಕ್ಕಳ ಕಥೆಗಳೇ ಏಕೆ, ಜೊತೆಗೆ ಹಾಡುಗಳೇಕೆ? ಇವುಗಳನ್ನು ನಿಜವಾದ ಅರ್ಥದಲ್ಲಿ ಅಣಕ ಎಂದು ಕರೆಯಬಹುದೇ?

ಮೊದಲ ಉತ್ತರ

ಕಾಲದ ಪ್ರಶ್ನೆಗೆ ಉತ್ತರ ಸುಲಭ. ಅಮೆರಿಕದಲ್ಲಿ 1968ರಲ್ಲಿ ಚಿತ್ರಗಳಿಗೆ ವಯೋಮಿತಿಯ ಶ್ರೇಣಿ ನೀಡುವ ಪದ್ಧತಿ ಬಂದಾಗ, ಉಳಿದ ಶ್ರೇಣಿಗಳ ಹೆಸರುಗಳನ್ನು ಟ್ರೇಡ್‌ಮಾರ್ಕ್ ಮಾಡಿಸಿಕೊಂಡವರು ವಯಸ್ಕರಿಗೆ ಮಾತ್ರ ಎಂಬರ್ಥದ ‘ಎಕ್ಸ್’ ಅನ್ನು ಮಾತ್ರ ಹಾಗೆಯೇ ಬಿಟ್ಟರು. ಹೀಗಾಗಿ ಯಾವ ನಿರ್ಮಾಪಕನಾದರೂ ತನ್ನ ಚಿತ್ರಕ್ಕೆ ತಾನೇ ಅದನ್ನು ಅಂಟಿಸಿಕೊಂಡು, ಅದನ್ನೇ ಜಾಹೀರಾತಾಗಿಯೂ ಬಳಸಬಹುದಾಗಿತ್ತು. 1973ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ‘ಮಿಲ್ಲರ್’ ಪ್ರಕರಣದಲ್ಲಿ, ಕೃತಿಯೊಂದಕ್ಕೆ ಗಂಭೀರವಾದ ಸಾಹಿತ್ಯಿಕ ಅಥವಾ ಕಲಾತ್ಮಕ ಮೌಲ್ಯವಿದೆಯೇ ಎಂಬುದನ್ನೂ ಅಶ್ಲೀಲತೆಯ ಅಳತೆಗೋಲಿನಲ್ಲಿ ಸೇರಿಸಿತು. ಪ್ರಸಿದ್ಧ ಕಥೆಯ ಹೆಸರು, ನಾಲ್ಕು ಹಾಡು, ಒಂದಷ್ಟು ಹಾಸ್ಯ ಇದ್ದರೆ ಚಿತ್ರಕ್ಕೆ ಸ್ವಲ್ಪ ಮರ್ಯಾದೆಯ ಹೊದಿಕೆ ಸಿಗುತ್ತದೆಂದು ನಿರ್ಮಾಪಕರು ಎಣಿಸಿದ್ದರೆ ಆಶ್ಚರ್ಯವಿಲ್ಲ. ಇದು ನನ್ನ ಊಹೆ ಮಾತ್ರ.

ಮಕ್ಕಳ ಕಥೆಗಳೇ ಏಕೆಂದರೆ, ಅವು ಎಲ್ಲರಿಗೂ ಗೊತ್ತು, ಮತ್ತು ಯಾರಿಗೂ ಸಂಭಾವನೆ ಕೊಡಬೇಕಿರಲಿಲ್ಲ. 1842ರ ಬ್ರಿಟಿಷ್ ಕಾಯ್ದೆಯ ಪ್ರಕಾರ ಕೃತಿಸ್ವಾಮ್ಯವು ಪ್ರಕಟಣೆಯಿಂದ 42 ವರ್ಷ ಅಥವಾ ಲೇಖಕರ ನಿಧನಾನಂತರ 7 ವರ್ಷ, ಇವೆರಡರಲ್ಲಿ ಯಾವುದು ದೀರ್ಘವೋ ಅಷ್ಟು ಕಾಲ ಇರುತ್ತಿತ್ತು. 1865ರಲ್ಲಿ ಪ್ರಕಟವಾದ ಆಲಿಸಳ ಕಥೆ 1907ಕ್ಕೇ ಸಾರ್ವಜನಿಕ ಸ್ವತ್ತಾಯಿತು. ಡಿಸ್ನಿ ಸಂಸ್ಥೆಯ 1951ರ ಚಿತ್ರದ ರೂಪವಿನ್ಯಾಸವನ್ನು ಮುಟ್ಟುವಂತಿರಲಿಲ್ಲ, ಅಷ್ಟೇ.

ಒಂದು ಮಾತನ್ನು ಸ್ಪಷ್ಟಪಡಿಸಬೇಕು. 1976ರ ಚಿತ್ರದ ಆಲಿಸ್ ಮಗುವಲ್ಲ. ಪ್ರಿಯಕರನನ್ನು ದೂರವಿಟ್ಟು, ಪುಸ್ತಕ ಓದುತ್ತಾ ನಿದ್ದೆಹೋಗಿ ಕನಸು ಕಾಣುವ, ಸಂಕೋಚ ಸ್ವಭಾವದ ಗ್ರಂಥಪಾಲಕಿ. ಆ ಪಾತ್ರ ಮಾಡಿದ ಕ್ರಿಸ್ಟೀನ್ ಡಿಬೆಲ್ ಮುಂದೆ ಮುಖ್ಯವಾಹಿನಿಗೆ ಬಂದು, 1980ರಲ್ಲಿ ಜಾಕಿ ಚಾನ್ ಜೊತೆಗೂ ನಟಿಸಿದರು. ವಿಮರ್ಶಕ ರೋಜರ್ ಈಬರ್ಟ್ ಈ ಚಿತ್ರದ ಬಗ್ಗೆ ಮೆಚ್ಚುಗೆಯಿಂದಲೇ ಬರೆದಿದ್ದರು. ‘ಸಿಂಡರೆಲಾ’ದಲ್ಲಿ ರಾಜಕುಮಾರನು ನಾಯಕಿಯನ್ನು ಪತ್ತೆಹಚ್ಚುವುದು ಪಾದರಕ್ಷೆಯಿಂದಲ್ಲ ಎಂದಷ್ಟೇ ಹೇಳಿ ನಿಲ್ಲಿಸುತ್ತೇನೆ.

ಎರಡನೆಯ ಉತ್ತರ

ಮೇಲಿನ ವಿವರಗಳಿಗೆ ನನ್ನ ತಕರಾರಿಲ್ಲ, ಆದರೆ ‘ಅಣಕ’ ಎಂಬ ಪದಕ್ಕಿದೆ. ಲೂಯಿಸ್ ಕ್ಯಾರಲ್ ಅವರ ಮೂಲ ಪುಸ್ತಕವೇ ಅಣಕವಾಡುಗಳ ಕಣಜ. ಐಸಾಕ್ ವಾಟ್ಸ್ ಎಂಬ ಪಾದ್ರಿ 1715ರಲ್ಲಿ ಮಕ್ಕಳಿಗಾಗಿ ಬರೆದ ನೀತಿಪದ್ಯವೊಂದರಲ್ಲಿ, ಪುಟ್ಟ ಜೇನುನೊಣವು ಹೊತ್ತು ಹಾಳುಮಾಡದೆ ಹೂವಿನಿಂದ ಹೂವಿಗೆ ಹಾರಿ ದುಡಿಯುತ್ತದೆ. ಆಲಿಸ್ ಅದನ್ನು ಒಪ್ಪಿಸಲು ಹೋದಾಗ ಬಾಯಿಗೆ ಬರುವುದು ಮೊಸಳೆ: ಅದೇ ಛಂದಸ್ಸು, ಅದೇ ಸಾತ್ವಿಕ ದನಿ, ಆದರೆ ಮೊಸಳೆ ಮಾಡುವ ಕೆಲಸ ಬಾಲಕ್ಕೆ ಹೊಳಪು ಕೊಟ್ಟುಕೊಂಡು, ನಸುನಗುತ್ತಾ ಪುಟ್ಟ ಮೀನುಗಳನ್ನು ಬಾಯೊಳಗೆ ಬರಮಾಡಿಕೊಳ್ಳುವುದು. ಸಾಲಿಗೆ ಸಾಲು ಎದುರಿಟ್ಟು ಉಪದೇಶದ ಪೊಳ್ಳನ್ನು ಬಯಲಿಗೆಳೆಯುವ ಇಂಥದ್ದನ್ನು ನಾನು ಅಣಕ ಎನ್ನುತ್ತೇನೆ. ಟೌನ್ಸೆಂಡ್ ಅವರ ಚಿತ್ರ ಕ್ಯಾರಲ್ ಅವರ ಮಾತಿನ ತರ್ಕವನ್ನು ಕೆಣಕುವುದೇ ಇಲ್ಲ. ಟೋಪಿವಾಲಾ, ರಾಣಿ, ಮೊಲ ಇವರ ವೇಷಗಳನ್ನು ಬಾಡಿಗೆಗೆ ತಂದು ತನ್ನದೇ ಕಥೆ ಹೇಳುತ್ತದೆ.

ಆಲಿಸ್ ಸಂಗೀತ ನಾಟಕವಾಗಿ ಲಂಡನ್ನಿನ ರಂಗಕ್ಕೆ ಬಂದದ್ದು 1886ರಲ್ಲಿ, ಕ್ಯಾರಲ್ ಬದುಕಿದ್ದಾಗಲೇ. ಅದನ್ನು ನಾಟಕವಾಗಿಸಿದ ಹೆನ್ರಿ ಸ್ಯಾವಿಲ್ ಕ್ಲಾರ್ಕ್ ಅವರಿಗೆ ಅನುಮತಿ ಕೊಡುವಾಗ ಕ್ಯಾರಲ್ ಪತ್ರದಲ್ಲಿ ಹಾಕಿದ್ದ ಷರತ್ತು, ಸಾಹಿತ್ಯದಲ್ಲಾಗಲಿ ಅಭಿನಯದಲ್ಲಾಗಲಿ ಅಸಭ್ಯತೆಯ ಸುಳಿವೂ ಇರಬಾರದು ಎಂಬುದು. ಸರಿಯಾಗಿ 90 ವರ್ಷಗಳ ನಂತರ ಏನಾಯಿತೆಂಬುದು ನಿಮ್ಮ ಪ್ರಶ್ನೆಯಲ್ಲೇ ಇದೆ.

ಪ್ರಶ್ನೆ ಕೇಳಿದವರಿಂದ

ಇಬ್ಬರಿಗೂ ಧನ್ಯವಾದಗಳು. ಆ ಪತ್ರದ ವಿಷಯ ನನಗೆ ತಿಳಿದಿರಲಿಲ್ಲ. ಆದರೆ ಈ ಆಲಿಸ್ ಚಿತ್ರದ ನಿರ್ಮಾಪಕ ಬಿಲ್ ಆಸ್ಕೊ ಅವರದೇ 1974ರ ‘ಫ್ಲೆಶ್ ಗಾರ್ಡನ್’ ಹಳೆಯ ‘ಫ್ಲ್ಯಾಶ್ ಗಾರ್ಡನ್’ ಸಾಹಸ ಧಾರಾವಾಹಿಗಳನ್ನು ದೃಶ್ಯಕ್ಕೆ ದೃಶ್ಯವೆಂಬಂತೆ ಹಾಸ್ಯ ಮಾಡುತ್ತದಲ್ಲವೇ? ಅದನ್ನಾದರೂ ಅಣಕವೆಂದು ಒಪ್ಪುವಿರಾ?

ಎರಡನೆಯ ಉತ್ತರ ಬರೆದವರಿಂದ

ಅದನ್ನು ಒಪ್ಪುತ್ತೇನೆ, ಏಕೆಂದರೆ ಅಲ್ಲಿ ಮೂಲದ ಶೈಲಿಯೇ ಗುರಿ. ಆಲಿಸಳ ವಿಷಯದಲ್ಲಿ ಆಸ್ಕೊ ಅಷ್ಟು ಶ್ರಮಪಡಲಿಲ್ಲವೆಂಬುದೇ ನನ್ನ ದೂರು. ಅಂದಹಾಗೆ, 2004ರಲ್ಲಿ ಅವರು ಇದೇ ಚಿತ್ರವನ್ನು ನ್ಯೂಯಾರ್ಕ್‌ನಲ್ಲಿ ರಂಗನಾಟಕವಾಗಿ ತಂದರು. ಅಲ್ಲಿ ಷರತ್ತು ಹಾಕಲು ಕ್ಯಾರಲ್ ಇರಲಿಲ್ಲ.