ಹಾಸನದಲ್ಲಿ ಸರ್ಕಸ್ ಕ್ಯಾಂಪ್ ಹಾಕಿಸಬೇಕು ಅಂತಿದ್ದೀನಿ, ಅನುಭವ ಇದ್ದವರು ಹೇಳಿ

ಕೇಳಿದವರು: ನಾನು ಹಾಸನದವನು, ವಯಸ್ಸು 29. ಆರು ವರ್ಷದಿಂದ ಗಣಪತಿ ಹಬ್ಬಕ್ಕೆ, ಜಾತ್ರೆಗಳಿಗೆ ಆರ್ಕೆಸ್ಟ್ರಾ ಬುಕ್ ಮಾಡಿಸಿಕೊಡುತ್ತೇನೆ. ಈ ಸಲ ಹಾಸನಾಂಬೆ ಬಾಗಿಲು ತೆರೆಯುವ ಹೊತ್ತಿಗೆ ಒಂದು ಸಣ್ಣ ಸರ್ಕಸ್ ಕಂಪನಿ ಕರೆಸಿ ಒಂದು ತಿಂಗಳು ಆಡಿಸಬೇಕು ಅಂತ ಆಸೆ. ಕೈ ಹಿಡಿದರೆ ಮುಂದೆ ಅದೇ ಕಂಪನಿಯಲ್ಲಿ ಪಾಲು ತಗೊಳ್ಳುವ ಯೋಚನೆಯೂ ಇದೆ. ಅಪ್ಪ ‘ಇರೋ ಒಂದು ಸೈಟನ್ನೂ ಡೇರೆಗೆ ಹಾಕ್ತೀಯಾ’ ಅಂತ ಬೈಯುತ್ತಿದ್ದಾರೆ. ಏನೇನು ನೋಡಿಕೊಳ್ಳಬೇಕು?

ಹಾಸನದಿಂದ, ಒಮ್ಮೆ ಕೈ ಸುಟ್ಟುಕೊಂಡವನು: ತಮ್ಮಾ, ನಾನೂ ಇದೇ ಲೆಕ್ಕ ಹಾಕಿದ್ದೆ. ಅಷ್ಟು ಜನ ಬರ್ತಾರೆ, ನೂರರಲ್ಲಿ ಒಬ್ಬ ಒಳಗೆ ಬಂದರೂ ಸಾಕು ಅಂತ. ಆದರೆ ಹಾಸನಾಂಬೆಗೆ ಬರುವವರು ಗಂಟೆಗಟ್ಟಲೆ ಸಾಲಿನಲ್ಲಿ ನಿಂತಿರುತ್ತಾರೆ. ದರ್ಶನ ಆಯ್ತೋ, ಸೀದಾ ಬಸ್ ಸ್ಟ್ಯಾಂಡಿಗೆ. ಕಾಲು ಸೋತವನು ಇನ್ನೂ ಎರಡು ಗಂಟೆ ಗ್ಯಾಲರಿ ಹಲಗೆ ಮೇಲೆ ಕೂರ್ತಾನಾ? ಊರಿನವರ ಮನೆಯಲ್ಲಿ ನೆಂಟರು, ದೀಪಾವಳಿ ಖರ್ಚು. ಅವರೂ ಬರಲಿಲ್ಲ.

ಸಾಲದ್ದಕ್ಕೆ ಮಳೆ. ಆ ಸಮಯದಲ್ಲಿ ಬಂಗಾಳ ಕೊಲ್ಲಿಯಲ್ಲಿ ಏನಾದರೂ ಎದ್ದರೆ ಇಲ್ಲಿ ಜಡಿ ಹಿಡಿಯುತ್ತದೆ. ನಮಗೆ ಐದು ದಿನ ಹಿಡಿಯಿತು. ಮೊದಲ ರಾತ್ರಿ ಎರಡು ಗಂಟೆಗೆ ಹೋಗಿ ನೋಡಿದರೆ ಡೇರೆ ಮೇಲೆ ನೀರು ನಿಂತು, ಗಬ್ಬದ ಎಮ್ಮೆ ಹೊಟ್ಟೆ ತರಹ ಜೋತು ಬಿದ್ದಿದೆ. ಜೋಕರ್, ಅಡುಗೆಯವನು, ಸೈಕಲ್ ಆಟದ ಹುಡುಗಿಯರು, ಎಲ್ಲರ ಕೈಯಲ್ಲೂ ಬಿದಿರು. ಒಳಗಿನಿಂದ ಎತ್ತಿ ಎತ್ತಿ ನೀರು ಆಚೆ ತಳ್ಳುತ್ತಿದ್ದಾರೆ. ಮಾಲೀಕರು ಟಾರ್ಚ್ ಹಿಡಿದು ಹೊರಗೆ ಸುತ್ತು ಹಾಕುತ್ತಾ ಒಂದೊಂದೇ ಹಗ್ಗ ಜಗ್ಗಿ ನೋಡುತ್ತಿದ್ದರು. ಸಡಿಲ ಅನ್ನಿಸಿದ ಗೂಟಕ್ಕೆ ತಾವೇ ಸುತ್ತಿಗೆ ಏಟು ಹಾಕುತ್ತಿದ್ದರು.

ಬೆಳಗ್ಗೆ ಆಟ ಇಲ್ಲ. ಅರವತ್ತು ಜನಕ್ಕೆ ತಿಂಡಿ ಮಾತ್ರ ಆಗಲೇಬೇಕು! ನಾನು ಮೈದಾನದ ಬಾಡಿಗೆ, ಕರೆಂಟು, ಪೋಸ್ಟರು ಎಲ್ಲ ಬರೆದುಕೊಂಡಿದ್ದೆ. ಆಟ ಇಲ್ಲದ ದಿನದ ಊಟ ಬರೆದಿರಲಿಲ್ಲ. ಆರ್ಕೆಸ್ಟ್ರಾದವರು ಹಾಡಿ, ದುಡ್ಡು ಎಣಿಸಿಕೊಂಡು ರಾತ್ರಿಯೇ ವ್ಯಾನ್ ಹತ್ತುತ್ತಾರೆ. ಸರ್ಕಸ್‌ನವರು ನಿನ್ನ ಊರಲ್ಲೇ ಸಂಸಾರ ಹೂಡುತ್ತಾರೆ. ಹಾಗಾಗಿ ಒಟ್ಟು ಮೊತ್ತಕ್ಕೆ ಒಪ್ಪಿಕೊಳ್ಳಬೇಡ. ಕಲೆಕ್ಷನ್‌ನಲ್ಲಿ ಇಷ್ಟು ಪಾಲು ಅಂತ ಮಾತಾಡು. ಮಳೆ ಬಂದ ದಿನದ ಖರ್ಚು ಯಾರದು ಅನ್ನುವುದನ್ನೂ ಬರೆಸಿಕೋ.

ಚಿಕ್ಕಮಗಳೂರಿನಿಂದ, ಶಾಮಿಯಾನ ಅಂಗಡಿ: ನಮ್ಮ ಕಡೆಗೆ ತರುವುದಾದರೆ ಜನವರಿ ಕೊನೆ, ಫೆಬ್ರವರಿ ಒಳ್ಳೆಯದು. ಅರೇಬಿಕಾ ಕಾಫಿ ಕುಯ್ಲು ಮುಗಿದು ರೊಬಸ್ಟಾ ನಡೆಯುತ್ತಿರುತ್ತದೆ. ತೋಟದ ಕೂಲಿಯವರ ಲೈನ್ ಮನೆಗಳಲ್ಲಿ ನಾಲ್ಕು ಕಾಸು ಓಡಾಡುವ ಕಾಲ. ಭಾನುವಾರ ಮೂರು ಆಟ ಇಡಿ. ಮಾರ್ಚ್ ಬಂದರೆ ಪರೀಕ್ಷೆ, ಜೂನ್ ಮೇಲೆ ಮಲೆನಾಡಿನ ಮಾತೇ ಬೇಡ. ಕಂಪನಿ ಮಂಗಳೂರು ಕಡೆಯಿಂದ ಬರುತ್ತಿದ್ದರೆ ಯಾವ ಘಾಟಿ ಹತ್ತುತ್ತಾರೆ ಅಂತ ಮೊದಲೇ ಕೇಳಿ. ಕಂಬ ಹೊತ್ತ ಉದ್ದದ ಲಾರಿಗೆ ಚಾರ್ಮಾಡಿ ತಿರುವು ಆಗಿಬರಲ್ಲ.

ಹಾಸನದಿಂದ, ವಕೀಲರ ಆಫೀಸಿನಲ್ಲಿರುವವಳು: ಕಾಗದದ ವಿಷಯ ನಾನು ಹೇಳ್ತೀನಿ. ಪೊಲೀಸ್, ಅಗ್ನಿಶಾಮಕ, ವಿದ್ಯುತ್, ಮೈದಾನ ಯಾರದೋ ಅವರು, ಎಲ್ಲರ ಅನುಮತಿಯೂ ಕೈಗೆ ಬರುವ ತನಕ ಪೋಸ್ಟರ್ ಅಂಟಿಸಬೇಡಿ. ಹುಲಿ, ಸಿಂಹ, ಚಿರತೆ, ಕರಡಿ, ಕೋತಿ ಆಡಿಸುವುದನ್ನು ಕೇಂದ್ರ ಸರ್ಕಾರ 1998ರಲ್ಲೇ ನಿಲ್ಲಿಸಿದೆ, 2001ರಲ್ಲಿ ಸುಪ್ರೀಂ ಕೋರ್ಟ್ ಕೂಡ ಅದನ್ನು ಎತ್ತಿಹಿಡಿಯಿತು. ಮಕ್ಕಳನ್ನು ದುಡಿಸುವುದರ ವಿರುದ್ಧ 2011ರ ಆದೇಶ ಇದೆ. ರಿಂಗ್‌ಗೆ ಇಳಿಯುವ ಪ್ರತಿಯೊಬ್ಬರ ವಯಸ್ಸಿನ ದಾಖಲೆ ನೀವೇ ಕಣ್ಣಾರೆ ನೋಡಿ. ಟಿಕೆಟ್ 500 ರೂಪಾಯಿ ಒಳಗಿದ್ದರೆ ಜಿಎಸ್‌ಟಿ ಇಲ್ಲ. ರಾತ್ರಿ ಹತ್ತಕ್ಕೆ ಮೈಕ್ ಬಂದ್, ಕೊನೆಯ ಆಟದ ಸಮಯ ಅದಕ್ಕೆ ತಕ್ಕಂತೆ ಇಟ್ಟುಕೊಳ್ಳಿ.

ಅರಸೀಕೆರೆಯಿಂದ, ರಿಟೈರ್ಡ್ ಮೇಷ್ಟ್ರು: ಪಾಲು ತಗೊಳ್ಳುವ ಮಾತಿಗೆ ಒಂದು ಕಥೆ. ಜೆಮಿನಿ ಶಂಕರನ್ ಗೊತ್ತಲ್ಲ, 2023ರಲ್ಲಿ ತೀರಿಕೊಂಡರು. ಕೇರಳದ ತಲಶೇರಿಯವರು, ಅಲ್ಲಿ ಸರ್ಕಸ್ ಕಲಿಸುತ್ತಿದ್ದ ಕೀಲೇರಿ ಕುಂಞಿಕಣ್ಣನ್ ಅವರ ಹತ್ತಿರ ಕಲಿತವರು. ಸೈನ್ಯದಲ್ಲಿದ್ದು ಬಂದು, ಉಯ್ಯಾಲೆ ಆಟ ಆಡಿದರು. 1951ರಲ್ಲಿ ಗೆಳೆಯ ಸಹದೇವನ್ ಜೊತೆ ಸೇರಿ 6000 ರೂಪಾಯಿಗೆ ಒಂದು ಸರ್ಕಸ್ ಕೊಂಡು, ತಮ್ಮ ಮಿಥುನ ರಾಶಿಯ ಇಂಗ್ಲಿಷ್ ಹೆಸರು ‘ಜೆಮಿನಿ’ ಇಟ್ಟರು. ಮೊದಲ ಆಟ ಗುಜರಾತಿನ ಬಿಲಿಮೋರಾದಲ್ಲಿ, ಆಗಸ್ಟ್ 15ಕ್ಕೆ. 1977ಕ್ಕೆ ಜಂಬೋ ಸರ್ಕಸ್ ಕೂಡ ಶುರು ಮಾಡಿದರು. 6000ಕ್ಕೇ ಸಿಕ್ತಾ ಅಂತ ಬಾಯಿ ಬಿಡಬೇಡ, ಕೊಳ್ಳುವ ಮುಂಚೆ ಅವರಿಗೆ ಆ ಡೇರೆಯ ಒಳಗು ಗೊತ್ತಿತ್ತು. ನೀನೂ ಒಂದು ಕ್ಯಾಂಪ್ ಪೂರ್ತಿ ನೀನು ಕರೆಸುವ ಕಂಪನಿಯವರ ಜೊತೆ ಇದ್ದು ಬಾ, ಆಮೇಲೆ ಪಾಲಿನ ಮಾತು.

ಕೇಳಿದವರು: ಎಲ್ಲರಿಗೂ ಥ್ಯಾಂಕ್ಸ್. ಹಾಸನಾಂಬೆ ಪ್ಲಾನ್ ಬಿಟ್ಟೆ, ಫೆಬ್ರವರಿಗೆ ನೋಡೋಣ. ಕಂಪನಿಯವರಿಗೆ ಫೋನ್ ಮಾಡಿ, ‘ಆಟ ಇಲ್ಲದ ದಿನ ಊಟಕ್ಕೆ ಎಷ್ಟು ಬೀಳುತ್ತೆ’ ಅಂತಲೇ ಮೊದಲು ಕೇಳಿದೆ. ಆ ಕಡೆಯಿಂದ ಜೋರು ನಗು. ‘ಈ ಪ್ರಶ್ನೆ ಯಾರು ಹೇಳಿಕೊಟ್ಟರು ಸಾರ್?’ ಅಂದರು. ಈಗ ನಡೆಯುತ್ತಿರುವ ಕ್ಯಾಂಪಿನಲ್ಲಿ ಟಿಕೆಟ್ ಕೌಂಟರಿನಲ್ಲಿ ಕೂರಲು ಬಾ ಅಂದಿದ್ದಾರೆ, ಸೋಮವಾರ ಹೊರಡ್ತೀನಿ. ಅಪ್ಪನಿಗೆ ಇನ್ನೂ ಹೇಳಿಲ್ಲ.