ಟ್ವಿಂಕ್ಲಿಂಗ್ ವಾಟರ್‌ಮೆಲನ್ ನೋಡಿದವರು ಯಾರಾದರೂ ಇದ್ದೀರಾ?

ಪ್ರಶ್ನೆ:
2023ರ ಈ ಕೊರಿಯನ್ ಧಾರಾವಾಹಿಯ 16 ಕಂತುಗಳನ್ನೂ ನಿನ್ನೆ ಮುಗಿಸಿದೆ. ಕಥಾನಾಯಕ ಉನ್‌ಗ್ಯೋಲ್‌ನ ಅಪ್ಪ, ಅಮ್ಮ, ಅಣ್ಣ ಮೂವರಿಗೂ ಕಿವಿ ಕೇಳಿಸಲ್ಲ. ಮನೆಗೆಲ್ಲ ಕಿವಿ, ಬಾಯಿ ಎರಡೂ ಅವನೊಬ್ಬನೇ. ನನ್ನ ಅಪ್ಪ ಅಮ್ಮನಿಗೂ ಕೇಳಿಸಲ್ಲ. ಏಳು ವರ್ಷದವಳಿದ್ದಾಗ ಡಾಕ್ಟರ್ ಹೇಳಿದ್ದನ್ನು ಅಮ್ಮನಿಗೆ ನಾನೇ ತಿಳಿಸಬೇಕಾಯ್ತು. 'ಗಡ್ಡೆ' ಅನ್ನೋದಕ್ಕೆ ಸನ್ನೆ ಗೊತ್ತಿರದೆ, ಮುಷ್ಟಿ ಬಿಗಿಹಿಡಿದು ಹೊಟ್ಟೆಗೆ ಒತ್ತಿ ತೋರಿಸಿದ್ದೆ. ಉನ್‌ಗ್ಯೋಲ್ ಕದ್ದುಮುಚ್ಚಿ ಗಿಟಾರ್ ನುಡಿಸುವಾಗ ತುಂಬಾ ಅತ್ತೆ. ಕಾಲದಲ್ಲಿ ಹಿಂದಕ್ಕೆ 1995ಕ್ಕೆ ಹೋಗಿ, ಇನ್ನೂ ಕಿವಿ ಕೇಳಿಸುವ ಹರೆಯದ ಅಪ್ಪನನ್ನು ಅವನು ನೋಡೋದು ನಿಮಗೆ ಹೇಗನ್ನಿಸ್ತು?

ಉತ್ತರ 1:
ಅಪ್ಪನ ಕಿವಿ ಹೋಗೋಕೆ ಕಾರಣವಾದ ಅಪಘಾತ ತಪ್ಪಿಸೋಕೆ ಅವನು ಒದ್ದಾಡೋದು ನೋಡಿ ನನಗೆ ಕಸಿವಿಸಿ ಆಯ್ತು. ಕಿವುಡು ಅಂದ್ರೆ ಬದುಕೇ ಮುಗಿದ ಹಾಗಾ?

ಉತ್ತರ 2:
ನಾನು ಸನ್ನೆ ಭಾಷೆ ಕಲಿಸ್ತೀನಿ. ಹುಬ್ಬು, ತುಟಿ ಎಲ್ಲವೂ ಅದರ ವ್ಯಾಕರಣವೇ. ಕೊರಿಯಾದಲ್ಲಿ 2016ರಲ್ಲೇ ಕಾನೂನು ಬಂದು, ಸನ್ನೆ ಭಾಷೆಗೆ ಕೊರಿಯನ್ ಭಾಷೆಗೆ ಸಮನಾದ ಸ್ಥಾನ ಸಿಕ್ಕಿದೆ. ಅಮ್ಮನಿಗೆ ಈಗ ಹೇಗಿದೆ?

ಪ್ರಶ್ನೆ ಕೇಳಿದವರು:
ಚೆನ್ನಾಗಿದ್ದಾರೆ ಮೇಡಂ. ಕೊನೆಯ ಕಂತನ್ನು ಜೊತೆಗೇ ಕೂತು ನೋಡಿದೆವು. ಆ ಮುಷ್ಟಿಯ ಸನ್ನೆ ನಮ್ಮನೆಯಲ್ಲಿ ಈಗಲೂ ಹಾಗೇ ಇದೆ.